ಮೂರನೆಯ ಕೂಗು

ಎರಡನೆಯ ಮಹಾಯುದ್ಧ ಶುರುವಾದಾಗಿನಿಂದ ಅದು ಮುಗಿದು ಎಷ್ಟೋ ದಿನ ಕಳೆಯುವ ತನಕ ನಮ್ಮ ದೇವಾಲಯದಲ್ಲಿ ಪ್ರತಿ ಭಾನುವಾರವೂ ಅದೇ ಮೂರು ಹಾಡು ಹಾಡಿದೆವು ಎಂದರೆ ಈಗಿನವರು ನಗುತ್ತಾರೆ. ನಗಲಿ. ನಾನೂ ಎಷ್ಟೋ ಸಲ ನಕ್ಕಿದ್ದೇನೆ. ಆದರೆ ಆ ಹಾಡುಗಳ ಜೊತೆಗೆ ನನ್ನ ಮದುವೆಯೂ ಅಲ್ಲೇ ನಿಂತುಹೋಯಿತು. ಅದು ನೆನಪಾದಾಗ ನಗು ಅರ್ಧಕ್ಕೇ ನಿಲ್ಲುತ್ತದೆ.

ಅರಕಲಗೂಡಿನಿಂದ ಕಾಡಿನ ಕಡೆಗೆ ಹೋಗುವ ಗಾಡಿದಾರಿಯ ಕೊನೆಯಲ್ಲಿ ನಮ್ಮ ಗುಡಿಸಲುಗಳ ಹಾಡಿ ಇತ್ತು. ನಾವು ಜೇನು ಕೀಳುವ ಜನ. ಸುತ್ತಲಿನ ಊರುಗಳ ಗೌಡರು, ಅಂಗಡಿಯ ಶೆಟ್ಟರು ನಮ್ಮ ಜೇನು ಕೊಳ್ಳುತ್ತಿದ್ದರು, ಸೀಗೆಕಾಯಿ ಕೊಳ್ಳುತ್ತಿದ್ದರು, ಬಿದಿರು ಬುಟ್ಟಿ ಕೊಳ್ಳುತ್ತಿದ್ದರು. ನಮ್ಮನ್ನು ಮಾತ್ರ ಜಗುಲಿಯ ಕೆಳಗೇ ನಿಲ್ಲಿಸಿ ಮಾತಾಡಿಸುತ್ತಿದ್ದರು. ನಮ್ಮ ಗುಡಿಸಲಿನ ಒಳಗೆ ಬಂದು ಚಾಪೆಯ ಮೇಲೆ ಕೂತ ಮೊದಲ ಹೊರಗಿನ ಮನುಷ್ಯ ಎಂದರೆ ಜರ್ಮನಿಯಿಂದ ಬಂದ ಪಾದ್ರಿ. ಲೂಥರನ್ ಮಿಶನ್ನಿನವರು. ದಪ್ಪ ಮೀಸೆ, ಉದ್ದ ಕೈಕಾಲು, ನಮ್ಮ ಸೂರಿಗೆ ತಲೆ ತಗಲುತ್ತಿತ್ತು. ಅವರು ಕೂತದ್ದನ್ನು ನೋಡಿಯೇ ಅರ್ಧ ಹಾಡಿ ದೀಕ್ಷಾಸ್ನಾನಕ್ಕೆ ಒಪ್ಪಿತು ಎಂದು ಅವ್ವ ಹೇಳುತ್ತಿದ್ದಳು. ವೇದಾಂತ ಕೇಳಿ ಒಪ್ಪಿದವರು ಯಾರೂ ಇರಲಿಲ್ಲ. ಇದನ್ನು ಹೇಳಿದರೆ ನಮ್ಮ ಸಭೆಯ ಕೆಲವರಿಗೆ ಈಗಲೂ ಸಿಟ್ಟು ಬರುತ್ತದೆ.

ಅವರನ್ನು ನಾವು ‘ಅಯ್ನೋರು’ ಎನ್ನುತ್ತಿದ್ದೆವು. ಅವರು ಮಣ್ಣಿನ ಗೋಡೆ ಎಬ್ಬಿಸಿ, ಗಾಡಿಯಲ್ಲಿ ಮಂಗಳೂರು ಹೆಂಚು ತರಿಸಿ ದೇವಾಲಯ ಕಟ್ಟಿದರು. ಪಕ್ಕದಲ್ಲಿ ಒಂದು ಶಾಲೆ. ನಮ್ಮಪ್ಪ ಮೊದಲು ದೀಕ್ಷಾಸ್ನಾನ ತೆಗೆದುಕೊಂಡವರಲ್ಲಿ ಒಬ್ಬ. ಆದ್ದರಿಂದ ಸಭೆಯ ಹಿರಿಯನಾದ. ನನ್ನನ್ನು ಹಾಸನದ ಹೆಣ್ಣುಮಕ್ಕಳ ಬೋರ್ಡಿಂಗಿಗೆ ಕಳಿಸಿ ಓದಿಸಿದರು. ಓದು ಮುಗಿಸಿ ಬಂದು ಅದೇ ಶಾಲೆಯಲ್ಲಿ ಮೇಷ್ಟ್ರಮ್ಮನಾದೆ. ನನಗೆ ಜಂಬ ಬಂದಿತ್ತು ಎಂದು ಹಾಡಿಯ ಹೆಂಗಸರು ಆಡಿಕೊಳ್ಳುತ್ತಿದ್ದರು. ಬಂದಿತ್ತು.

ನನಗೆ ಮದುವೆಗೆ ಗೊತ್ತಾದ ಹುಡುಗನೂ ನಮ್ಮ ಹಾಡಿಯವನೇ. ಗಂಡನಾಗಿದ್ದರೆ ‘ಅವರು’ ಎಂದು ಬರೆಯಬೇಕಿತ್ತು. ಆಗಲಿಲ್ಲ, ಆದ್ದರಿಂದ ‘ಅವನು’ ಎಂದೇ ಬರೆಯುತ್ತೇನೆ. ಓದು ಬಾರದು. ಮರ ಹತ್ತುವುದರಲ್ಲಿ ಅವನ ಸಮಾನ ಇರಲಿಲ್ಲ. ನಾನು ಮಕ್ಕಳಿಗೆ ಮಗ್ಗಿ ಹೇಳಿಸುವಾಗ ಶಾಲೆಯ ಕಿಟಕಿಯ ಹೊರಗೆ ನಿಂತು ತಾನೂ ಹೇಳಿ, ಬೇಕೆಂದೇ ತಪ್ಪು ಮಾಡಿ ನಗಿಸುತ್ತಿದ್ದ. ನಾನು ಸಿಡಿಮಿಡಿಗೊಂಡು ಕಿಟಕಿ ಹಾಕುತ್ತಿದ್ದೆ. ಮಾರನೆಯ ದಿನ ಅವನು ಬರದಿದ್ದರೆ ಪಾಠದ ಮೇಲೆ ಮನಸ್ಸು ನಿಲ್ಲುತ್ತಿರಲಿಲ್ಲ.

ನಮ್ಮ ಹಳೆಯ ಪದ್ಧತಿಯಲ್ಲಿ ಮದುವೆ ಬಹಳ ಸುಲಭ. ಮನಸ್ಸು ಕೂಡಿದ ಇಬ್ಬರು ಯಾರಿಗೂ ಹೇಳದೆ ಕಾಡಿಗೆ ಹೋಗುತ್ತಿದ್ದರು. ಕೆಲವು ದಿನ ಅಲ್ಲಿದ್ದು ಬರುತ್ತಿದ್ದರು. ಬಂದ ಮೇಲೆ ಹಿರಿಯರು ಚೆನ್ನಾಗಿ ಬೈದು, ಚಾಪೆ ಹಾಸಿ, ಇಬ್ಬರನ್ನೂ ಕೂರಿಸಿ ಒಂದೇ ಎಲೆಯಲ್ಲಿ ಉಣ್ಣಿಸಿದರೆ ಆಯಿತು. ಅಪ್ಪ ಅವ್ವ ಹಾಗೇ ಆದವರು. ಅಯ್ನೋರಿಗೆ ಇದು ಹಿಡಿಸಲಿಲ್ಲ. ಮದುವೆ ಕದ್ದು ಮಾಡುವ ಕೆಲಸವಲ್ಲ, ಎಲ್ಲರಿಗೂ ತಿಳಿದು ಆಗಬೇಕು ಎಂದರು. ಅದಕ್ಕೇ ಅವರ ಊರಿನ ಸಭೆಯಲ್ಲಿ ಇದ್ದಂತೆ ಇಲ್ಲೂ ಪ್ರಕಟಣೆ ಶುರು ಮಾಡಿದರು. ಗಂಡು ಹೆಣ್ಣಿನ ಹೆಸರನ್ನು ಮೂರು ಭಾನುವಾರ ಎಲ್ಲರ ಎದುರಿಗೆ ಓದಿ, ಯಾರಿಗಾದರೂ ಆಕ್ಷೇಪಣೆ ಇದೆಯೇ ಎಂದು ಕೇಳುವುದು. ಮೂರು ಸಲವೂ ಯಾರೂ ಏನೂ ಹೇಳದಿದ್ದರೆ ಮದುವೆ. ನಮ್ಮವರು ಅದಕ್ಕೆ ‘ಕೂಗು’ ಎಂದು ಹೆಸರಿಟ್ಟರು. ಮೊದಲನೆಯ ಕೂಗು, ಎರಡನೆಯ ಕೂಗು, ಮೂರನೆಯ ಕೂಗು. ಕದ್ದು ಹೋಗುವುದಕ್ಕಿಂತ ಹೆಸರು ಕೂಗಿಸಿಕೊಳ್ಳುವುದು ಹುಡುಗಿಯರಿಗೆ ಹೆಮ್ಮೆಯಾಗಿ ಕಾಣುತ್ತಿತ್ತು. ನನಗಂತೂ ಕಂಡಿತ್ತು.

ನನ್ನ ಹೆಸರಿನ ಎರಡು ಕೂಗು ಆಯಿತು. ಎರಡನೆಯ ಸಲ ಓದುವಾಗ ಅವನು ಗಂಡಸರ ಸಾಲಿನಲ್ಲಿ ಕೂತು ಕೆಮ್ಮಿದ, ಆಕ್ಷೇಪಣೆ ಇದೆಯೇನೋ ಎಂಬಂತೆ ಅಯ್ನೋರು ತಲೆಯೆತ್ತಿ ನೋಡಿದರು, ಸಭೆಯೆಲ್ಲ ನಕ್ಕಿತು. ಆ ವಾರದಲ್ಲೇ ಅರಕಲಗೂಡಿನಿಂದ ಮೋಟಾರಿನಲ್ಲಿ ಪೊಲೀಸರು ಬಂದರು. ಎಲ್ಲೋ ಯುದ್ಧ ಶುರುವಾಗಿದೆ, ಜರ್ಮನಿಯವರನ್ನೆಲ್ಲ ಹಿಡಿದಿಡಬೇಕೆಂದು ಸರ್ಕಾರದ ಹುಕುಂ ಆಗಿದೆ ಎಂದರು. ಒರಟಾಗಿ ಏನೂ ನಡೆದುಕೊಳ್ಳಲಿಲ್ಲ. ಇನ್ಸ್‌ಪೆಕ್ಟರು ಬೇಲಿಯ ಹತ್ತಿರ ಸಿಗರೇಟು ಸೇದುತ್ತ ನಿಂತ. ಅಯ್ನೋರು ಪೆಟ್ಟಿಗೆ ಕಟ್ಟಿಕೊಂಡರು. ಅವರ ಹೆಂಡತಿ ಹಿಂದಿನ ವರ್ಷವೇ ಮಕ್ಕಳ ಓದಿಗೆಂದು ಊರಿಗೆ ಹೋಗಿದ್ದರು.

ಮೋಟಾರು ಹತ್ತುವ ಮುಂಚೆ ಅಯ್ನೋರು ಅಪ್ಪನ ಹೆಗಲ ಮೇಲೆ ಕೈಯಿಟ್ಟು, “ನಾನು ಬರುವವರೆಗೆ ಎಲ್ಲ ಹೀಗೇ ಇರಲಿ” ಎಂದರು.

ಜೋಪಾನವಾಗಿ ನೋಡಿಕೋ, ಜನ ಚದುರದಿರಲಿ ಎನ್ನುವ ಅರ್ಥದಲ್ಲಿ ಅವರು ಹೇಳಿದ್ದು. ಯಾರಾದರೂ ಹೇಳುವ ಮಾತೇ. ಆದರೆ ಅವರು ಅದನ್ನು ಹೇಳಿದ್ದು ಜೇನು ಕೀಳುವವರಿಗೆ. ನಮ್ಮಲ್ಲಿ ಹೆಜ್ಜೇನಿಗೆ ಮರ ಹತ್ತಿದವನು ಮೇಲಿಂದ ‘ಇಂಗೇ ಇರಿ’ ಎಂದು ಕೂಗಿದರೆ ಕೆಳಗಿರುವವರು ಅವನು ಇಳಿಯುವ ತನಕ ಕದಲುವಂತಿಲ್ಲ. ಹಗ್ಗ ಹಿಡಿದವನು ಕೈ ಬದಲಿಸುವಂತಿಲ್ಲ, ಹೊಗೆ ಹಾಕುವವನು ಜಾಗ ಬಿಡುವಂತಿಲ್ಲ. ಕೆಳಗೆ ಏನು ಬದಲಾದರೂ ಮೇಲಿನವನ ಜೀವಕ್ಕೆ ಸಂಚಕಾರ. ಅಪ್ಪ ಪ್ರಾಯದಲ್ಲಿ ಹಗ್ಗ ಹಿಡಿಯುವುದಕ್ಕೆ ಹೆಸರಾದವನು. ಒಂದು ಸಲ ಜೇನುಹುಳು ಎದ್ದು ಮುಖವೆಲ್ಲ ಕಚ್ಚಿ, ಕಣ್ಣು ಮುಚ್ಚಿಹೋಗುವಷ್ಟು ಊದಿದರೂ ಹಗ್ಗ ಬಿಟ್ಟಿರಲಿಲ್ಲವಂತೆ. ಅಂಥವನಿಗೆ ಆ ಮಾತು ಹೇಳಿ ಅಯ್ನೋರು ಮೋಟಾರು ಹತ್ತಿ ಹೋದರು.

ಮುಂದಿನ ಭಾನುವಾರ ಅಪ್ಪ ಪೀಠದ ಪಕ್ಕದಲ್ಲಿ ನಿಂತು ಪ್ರಾರ್ಥನೆ ನಡೆಸಿದ. ಗೋಡೆಯ ಮೇಲೆ ಆ ವಾರ ಹಾಡಬೇಕಾದ ಹಾಡುಗಳ ಅಂಕಿ ತೂಗುಹಾಕುವ ಕರಿಹಲಗೆ ಇತ್ತು. ಅದರಲ್ಲಿ ಅಯ್ನೋರು ಹಿಂದಿನ ವಾರ ಹಾಕಿದ ತಗಡಿನ ಅಂಕಿಗಳೇ ಇದ್ದವು. ಆ ಹಾಡುಗಳನ್ನೇ ಹಾಡಿದೆವು. ಅದರ ಮುಂದಿನ ವಾರವೂ ಅವೇ. ಪೀಠಕ್ಕೆ ಹಾಸುವ ಬಟ್ಟೆ ಆಗ ಹಸಿರು. ಹಬ್ಬಕ್ಕೆ ಬಿಳಿ, ಶುಭ ಶುಕ್ರವಾರಕ್ಕೆ ಕಪ್ಪು ಹಾಸುವುದು ಪದ್ಧತಿ. ಹಸಿರೇ ಉಳಿಯಿತು. ಕ್ರಿಸ್ಮಸ್ಸಿಗೂ ಹಸಿರು, ಯೇಸು ಸತ್ತ ದಿನಕ್ಕೂ ಹಸಿರು. ಹುಟ್ಟಿದ ಮಕ್ಕಳಿಗೆ ದೀಕ್ಷಾಸ್ನಾನ ಮಾಡಿಸಲಿಲ್ಲ. ಸತ್ತವರನ್ನು ಮಾತ್ರ ಹೂತೆವು. ಅದನ್ನು ನಿಲ್ಲಿಸುವುದು ಅಪ್ಪನ ಕೈಯಲ್ಲೂ ಇರಲಿಲ್ಲ.

ಮೂರನೆಯ ಕೂಗಿನ ಮಾತು ಎತ್ತಿದ್ದು ನಾನೇ. ಅವ್ವ ರಾಗಿ ಬೀಸುತ್ತಿದ್ದಳು, ಅಪ್ಪ ಬುಟ್ಟಿಗೆ ಬಿದಿರು ಸೀಳುತ್ತಿದ್ದ. ಎರಡು ಸಲ ಓದಿದ್ದಾಗಿದೆಯಲ್ಲ, ಮೂರನೆಯದನ್ನು ನೀನೇ ಓದು, ನನ್ನ ಹೆಸರು ಅವನ ಹೆಸರು ನಿನಗೆ ಗೊತ್ತಿಲ್ಲವೇ ಎಂದೆ. ಅಪ್ಪ ಬಿದಿರು ಕೆಳಗಿಟ್ಟ.

“ಅಯ್ನೋರು ಇಂಗೇ ಇರ್ಲಿ ಅಂದವ್ರೆ ಮಗ. ಅವ್ರು ಬರಾಗಂಟ ನಾ ಕೈ ಬಿಡಾಕಿಲ್ಲ” ಎಂದ. ಸಿಟ್ಟಿನಿಂದ ಹೇಳಲಿಲ್ಲ. ಬಹಳ ಮೆತ್ತಗೆ ಹೇಳಿದ. ಸಿಟ್ಟು ಮಾಡಿದ್ದರೆ ನಾನೂ ಜಗಳ ಆಡುತ್ತಿದ್ದೆ.

ಸಂಕ್ರಾಂತಿಗೆ ಬರುತ್ತಾರೆ, ಮಳೆ ಹಿಡಿಯುವ ಮುಂಚೆ ಬರುತ್ತಾರೆ ಎಂದುಕೊಳ್ಳುತ್ತ ದಿನ ತಳ್ಳಿದೆವು. ಎರಡನೆಯ ವರ್ಷ ಹಾಸನದಿಂದ ಬೇರೆ ಮಿಶನ್ನಿನ ಒಬ್ಬ ಪಾದ್ರಿ ನಮ್ಮ ಸುದ್ದಿ ಕೇಳಿ ಬಂದರು. ಕನ್ನಡದವರೇ, ಒಳ್ಳೆಯ ಮನುಷ್ಯ. ನನ್ನ ವಿಷಯ ತಿಳಿದು, ಬರುವ ಭಾನುವಾರ ತಾವೇ ಓದಿ ಮದುವೆಯನ್ನೂ ಮಾಡಿಸುವುದಾಗಿ ಹೇಳಿದರು. ಅಪ್ಪ ಅವರಿಗೆ ಜೇನು ಕೊಟ್ಟು, ಬಾಳೆಹಣ್ಣು ಕೊಟ್ಟು, ನಮ್ಮ ಅಯ್ನೋರು ನಿಮ್ಮ ಹತ್ತಿರ ಹೇಳಿ ಕಳಿಸಿದ್ದಾರೆಯೇ ಎಂದು ಕೇಳಿದ. ಇಲ್ಲವೆಂದರು. ಹಾಗಾದರೆ ಬೇಡ ಸ್ವಾಮಿ ಎಂದು ಕೈಮುಗಿದ. ಅವರು ಕೊಡೆ ತೆಗೆದುಕೊಂಡು ಹೊರಟರು. ಗಾಡಿದಾರಿಯ ತಿರುವಿನ ತನಕ ನಾನು ಅವರ ಹಿಂದೆ ಹೋದೆ. ಏನು ಹೇಳಬೇಕೆಂದು ತಿಳಿಯದೆ ಹಿಂದಕ್ಕೆ ಬಂದೆ.

ಅದು ತಿಳಿದ ಮೇಲೆ ಅವನು ಶಾಲೆಯ ಹತ್ತಿರ ಬಂದ. ಅವತ್ತು ಕಿಟಕಿಯ ಹೊರಗೆ ನಿಲ್ಲಲಿಲ್ಲ, ಒಳಗೇ ಬಂದ. ಮಕ್ಕಳನ್ನು ಮನೆಗೆ ಕಳಿಸಿದ್ದೆ.

“ಇನ್ನೂ ಎಷ್ಟು ದಿನ ಅಂತ ಕಾಯಾದು? ಕಾಡಿಗೋಗಿ ಬರಾನ ಬಾ. ನಮ್ಮ ತಾತ ಮುತ್ತಾತ್ರು ಅಂಗೇ ಬಾಳ್ಲಿಲ್ವಾ?” ಎಂದ.

ನನಗೆ ಆಸೆಯಾಗಲಿಲ್ಲ ಎಂದರೆ ಸುಳ್ಳು. ಸೀರೆಯನ್ನೂ ಒಂದು ಪಾತ್ರೆಯನ್ನೂ ಗಂಟು ಕಟ್ಟಿಟ್ಟೆ. ಆದರೆ ಹಿರಿಯನ ಮಗಳೇ ಹಳೆಯ ದಾರಿ ಹಿಡಿದರೆ ಅಪ್ಪ ಭಾನುವಾರ ಯಾವ ಮುಖ ಹೊತ್ತು ಪೀಠದ ಹತ್ತಿರ ನಿಲ್ಲುತ್ತಾನೆ ಎನ್ನುವುದು ನನ್ನನ್ನು ತಡೆಯಿತು. ಅಪ್ಪನನ್ನೇ ಕೇಳಿದೆ. ನಾನು ಹೋದರೆ ಚಾಪೆ ಹಾಸುತ್ತೀಯಾ ಎಂದೆ. ಹಾಸುತ್ತೇನೆ, ನೀನು ನನ್ನ ಮಗಳು ಎಂದ. ಹಾಸಿದ ದಿನವೇ ದೇವಾಲಯದ ಬೀಗದ ಕೈ ಬೇರೆಯವರಿಗೆ ಕೊಟ್ಟುಬಿಡುತ್ತೇನೆ, ಆಮೇಲೆ ಅದರ ಒಳಗೆ ಕಾಲಿಡುವುದಿಲ್ಲ ಎಂದ. ಅಪ್ಪ ಹೆದರಿಸಲು ಹೇಳಲಿಲ್ಲ. ಹಾಗೇ ಮಾಡುವವನು. ನಾನು ಗಂಟು ಬಿಚ್ಚಿದೆ.

ಹೋಗಬೇಕಿತ್ತು. ಈ ವಯಸ್ಸಿನಲ್ಲಿ ಮುಚ್ಚುಮರೆ ಯಾತಕ್ಕೆ? ಅಪ್ಪನಿಗೆ ದೇವಾಲಯ ಬಿಟ್ಟುಹೋಗಿದ್ದರೆ ದುಃಖವಾಗುತ್ತಿತ್ತು, ಆಮೇಲೆ ಮೊಮ್ಮಕ್ಕಳು ಬಂದು ತೊಡೆಯ ಮೇಲೆ ಕೂತ ಮೇಲೆ ದುಃಖ ಕಡಿಮೆಯಾಗುತ್ತಿತ್ತು. ಇಷ್ಟು ಸರಳವಾದ ಲೆಕ್ಕ, ಊರ ಮಕ್ಕಳಿಗೆಲ್ಲ ಲೆಕ್ಕ ಹೇಳಿಕೊಡುತ್ತಿದ್ದ ನನಗೆ ಹೊಳೆಯಲಿಲ್ಲ.

ಅವನು ಕೊನೆಯದಾಗಿ ಒಂದು ಪ್ರಯತ್ನ ಮಾಡಿದ. ಒಂದು ಭಾನುವಾರ, ಎರಡನೆಯ ಹಾಡು ಮುಗಿದು ಪ್ರಕಟಣೆಗಳ ಹೊತ್ತು. ಪ್ರಕಟಣೆ ಏನೂ ಇರುತ್ತಿರಲಿಲ್ಲ. ಅಪ್ಪ ಸುಮ್ಮನೆ ಸ್ವಲ್ಪ ಹೊತ್ತು ನಿಂತು ಮುಂದಿನದಕ್ಕೆ ಹೋಗುತ್ತಿದ್ದ. ಅಷ್ಟರಲ್ಲಿ ಅವನು ಎದ್ದು ನಿಂತ. ಬಿಳಿ ಅಂಗಿ ಹಾಕಿಕೊಂಡು ಬಂದಿದ್ದ, ತಲೆಗೆ ಎಣ್ಣೆ ಹಚ್ಚಿ ಬಾಚಿದ್ದ.

“ಮಾವ, ಮೂರ್ನೇದು ಓದು. ಎಲ್ಲಾರೂ ಅವ್ರೆ. ಓದ್ಬುಡು” ಎಂದ.

ಅವನ ದನಿಯಲ್ಲಿ ಬೇಡಿಕೆ ಇತ್ತು. ಹೆಂಗಸರ ಸಾಲಿನಲ್ಲಿ ಅವ್ವ ನನ್ನ ಕೈ ಹಿಡಿದುಕೊಂಡಳು. ಓದಲಿ ಓದಲಿ ಎಂದು ಇಡೀ ಸಭೆ ಮನಸ್ಸಿನಲ್ಲಿ ಅನ್ನುತ್ತಿತ್ತು ಎಂದು ಈಗಲೂ ನಂಬಿದ್ದೇನೆ. ಬಾಯಿ ಬಿಟ್ಟು ಒಬ್ಬರೂ ಅನ್ನಲಿಲ್ಲ. ಅಪ್ಪನ ತುಟಿ ಅಲುಗಿತು. ಆಮೇಲೆ ಅಪ್ಪ ಗೋಡೆಯ ಕಡೆ ತಿರುಗಿ ಹಲಗೆಯ ಮೇಲಿದ್ದ ಮೂರನೆಯ ಹಾಡಿನ ಅಂಕಿ ಹೇಳಿದ. ಎಲ್ಲರಿಗೂ ಬಾಯಿಪಾಠವಾಗಿದ್ದ ಅಂಕಿ. ಜನ ಎದ್ದು ಹಾಡಲು ಶುರು ಮಾಡಿದರು. ನಾನೂ ಹಾಡಿದೆ. ಅವನು ಹಾಡಿನ ನಡುವೆ ಹೊರಗೆ ಹೋದ. ಆ ವಾರವೇ ಹಾಡಿಯನ್ನು ಬಿಟ್ಟು ಹೋದ.

ಚನ್ನರಾಯಪಟ್ಟಣದಲ್ಲಿ ತೆಂಗಿನಕಾಯಿ ಮಂಡಿಯಲ್ಲಿ ಗಾಡಿಗೆ ಕಾಯಿ ತುಂಬುವ ಕೆಲಸಕ್ಕೆ ಸೇರಿದ್ದಾನೆ ಎಂದು ಯಾರೋ ಹೇಳಿದರು. ಆಮೇಲೆ ರಾಮನಾಥಪುರದ ಕಡೆ ಹೊಗೆಸೊಪ್ಪಿನ ಕೆಲಸಕ್ಕೆ ಹೋದನಂತೆ. ಆಮೇಲೆ ಯಾರೂ ಏನೂ ಹೇಳದಾದರು. ನನ್ನ ಎದುರಿಗೆ ಅವನ ಮಾತು ಬಂದರೆ ಮಾತು ಬದಲಾಯಿಸುತ್ತಿದ್ದರು. ಅಷ್ಟು ಸಾಕಿತ್ತು, ಆದರೂ ಕಣ್ಣಾರೆ ಕಾಣುವ ತನಕ ನಂಬಲಿಲ್ಲ.

ಕಂಡದ್ದು ಹೊಳೆನರಸೀಪುರದಲ್ಲಿ. ಅಲ್ಲಿ ಮದುವೆಯಾಗಿದ್ದ ನನ್ನ ಚಿಕ್ಕಪ್ಪನ ಮಗಳಿಗೆ ಹೆರಿಗೆಯಾಗಿತ್ತು, ನೋಡಿಕೊಂಡು ವಾಪಸು ಹೊರಟಿದ್ದೆ. ಯುದ್ಧದ ಕಾಲದ, ಇದ್ದಿಲಿನಿಂದ ಓಡುವ ಬಸ್ಸು. ಹಿಂದುಗಡೆಯ ಒಲೆಗೆ ಬೆಂಕಿ ಹಿಡಿಸಿ ಗಾಳಿ ಊದುವ ಚಕ್ರ ತಿರುಗಿಸುತ್ತ ಕ್ಲೀನರು ಬೆವರುತ್ತಿದ್ದ. ಅದು ಹೊರಡಲು ಎಷ್ಟು ಹೊತ್ತಾದರೂ ಆಗಬಹುದಿತ್ತು. ಅವನು ಪಕ್ಕದ ಅಂಗಡಿಯಲ್ಲಿ ಬೆಲ್ಲ ಕಟ್ಟಿಸುತ್ತಿದ್ದ. ಜೊತೆಯಲ್ಲಿ ಒಬ್ಬ ಹೆಂಗಸು, ಕಂಕುಳಲ್ಲಿ ಮಗು; ಇನ್ನೊಂದು ಮಗು ಅವನ ಬೆರಳು ಹಿಡಿದು ನಿಂತಿತ್ತು. ನನ್ನನ್ನು ಕಂಡು ಅವನು ಓಡಿಹೋಗಲಿಲ್ಲ. ಹತ್ತಿರ ಬಂದ. ಇವರು ನಮ್ಮ ಹಾಡಿಯ ಮೇಷ್ಟ್ರಮ್ಮ ಎಂದು ಹೆಂಡತಿಗೆ ಹೇಳಿದ. ಅವಳು ನಕ್ಕು ನಮಸ್ಕಾರ ಮಾಡಿದಳು. ನೋಡಲು ಲಕ್ಷಣವಾಗಿದ್ದಳು. ಅವಳಲ್ಲಿ ಏನಾದರೂ ಐಬು ಸಿಕ್ಕೀತೇ ಎಂದು ಹುಡುಕಿದೆ, ಸಿಗಲಿಲ್ಲ.

“ಇನ್ನೂ ಅದೇ ಆಡು ಆಡ್ತಾವ್ರಾ?” ಎಂದು ಕೇಳಿದ.

ಹೂಂ, ಅದೇ ಮೂರು ಹಾಡು ಎಂದೆ. ಅವನು ತಲೆ ಆಡಿಸಿದ. ನನ್ನನ್ನು ಅಣಕಿಸಲು ಕೇಳಿದ್ದಲ್ಲ. ನನ್ನ ಸ್ಥಿತಿ ಏನಾಗಿದೆ ಎಂದು ತಿಳಿಯಲು ಅವನಿಗೆ ಅದೊಂದೇ ದಾರಿ ಇತ್ತು. ದೊಡ್ಡ ಮಗುವಿನ ಕೈಗೆ ಒಂದು ಚೂರು ಬೆಲ್ಲ ಕೊಟ್ಟು, ಬಸ್ಸು ಹೊರಡುವ ತನಕ ನಿಂತಿದ್ದ. ಬಸ್ಸಿನಲ್ಲಿ ಹೊಗೆಯಿಂದ ಕಣ್ಣು ಉರಿದವು ಎಂದು ಪಕ್ಕದವರಿಗೆ ಹೇಳಿದೆ.

ಮನೆಗೆ ಬಂದು ಅಪ್ಪನಿಗೆ ನೇರವಾಗಿ ಹೇಳಿದೆ: ಅವನಿಗೆ ಮದುವೆಯಾಗಿದೆ, ಎರಡು ಮಕ್ಕಳು. ಅಪ್ಪನಿಗೆ ಮೊದಲೇ ಗೊತ್ತಿತ್ತು. ಹಾಡಿಗೆಲ್ಲ ಗೊತ್ತಿತ್ತು. ಅಪ್ಪ ಆಮೇಲೆ ನನ್ನ ಮುಖವನ್ನು ನೇರ ನೋಡಿ ಮಾತಾಡುವುದನ್ನು ಬಿಟ್ಟ. ಊಟಕ್ಕೆ ಕೂತರೆ ತಟ್ಟೆಯೊಂದಿಗೆ ಮಾತಾಡುತ್ತಿದ್ದ. ಬೇರೆ ಗಂಡು ನೋಡೋಣವೇ ಎಂದು ಅವ್ವ ಒಮ್ಮೆ ಕೇಳಿದಳು. ಯಾರು ಕೂಗಬೇಕು ಎಂದೆ. ಅವ್ವ ಮತ್ತೆ ಕೇಳಲಿಲ್ಲ. ಹಾಗೆ ಅನ್ನಬಾರದಿತ್ತು, ಅವಳದೇನು ತಪ್ಪು?

ಯುದ್ಧ ಮುಗಿದ ಮೇಲೂ ಎಷ್ಟೋ ದಿನ ಸುದ್ದಿ ಇರಲಿಲ್ಲ. ಆಮೇಲೊಂದು ಶನಿವಾರ ಸಂಜೆ ಅಯ್ನೋರು ಬಂದೇಬಿಟ್ಟರು. ಅರಕಲಗೂಡಿನಿಂದ ಎತ್ತಿನ ಗಾಡಿಯಲ್ಲಿ. ಮೀಸೆ ಬೆಳ್ಳಗಾಗಿ, ಹೆಗಲು ಬಾಗಿ, ಗಾಜಿನ ಬಿಲ್ಲೆಯಂಥ ದಪ್ಪ ಕನ್ನಡಕ ಹಾಕಿಕೊಂಡಿದ್ದರಂತೆ. ಸರ್ಕಾರ ಹಿಡಿದಿಟ್ಟಿದ್ದ ಶಿಬಿರದಲ್ಲಿ ಕಣ್ಣು ಹಾಳಾಗಿತ್ತು. ಹತ್ತಿರ ಬಂದವರನ್ನೂ ದನಿಯಿಂದ ಗುರುತು ಹಿಡಿಯುತ್ತಿದ್ದರಂತೆ. ನಾನು ನೋಡಲು ಹೋಗಲಿಲ್ಲ. ಅವರಿಗೆಂದು ಕೋಳಿ ಸಾರು ಮಾಡುತ್ತ ಒಲೆಯ ಮುಂದೆಯೇ ಇದ್ದೆ. ಹಾಡಿಯೆಲ್ಲ ಅಲ್ಲಿಗೆ ಓಡಿತ್ತು. ಅಪ್ಪ ದೇವಾಲಯದ ಬೀಗ ತೆಗೆದು ಒಳಗೆ ಕರೆದುಕೊಂಡು ಹೋಗಿ, ಎಲ್ಲ ನೀವು ಹೇಳಿದಂತೆ ಹಾಗೇ ಇದೆ ಎಂದು ತೋರಿಸಿದನಂತೆ. ಅಯ್ನೋರು ಹಲಗೆಯ ಹತ್ತಿರ ಮುಖ ತಂದು ಅಂಕಿಗಳನ್ನು ನೋಡಿದರಂತೆ. ಹುಳ ತಿಂದ ಹಸಿರು ಬಟ್ಟೆಯನ್ನು ಮುಟ್ಟಿ ನೋಡಿದರಂತೆ. ಆಮೇಲೆ ಮುಂದಿನ ಬೆಂಚಿನ ಮೇಲೆ ಕೂತು ಬಹಳ ಹೊತ್ತು ಮಾತಾಡಲಿಲ್ಲವಂತೆ. ಅಪ್ಪ ಅದನ್ನು ಸಂತೋಷ ಎಂದುಕೊಂಡ.

ಅಪ್ಪ ಊಟದ ಬುಟ್ಟಿ ತೆಗೆದುಕೊಂಡು ಹೋಗಲು ಬಂದವನು ಬಾಗಿಲಲ್ಲೇ ನಿಂತ.

“ಏನೇನ್ ಬಾಕಿ ಐತೆ ಅಂತ ಕೇಳುದ್ರು. ನಿನ್ನ ಮೂರ್ನೇ ಕೂಗು ಬಾಕಿ ಐತೆ ಅಂದೆ” ಎಂದ.

ಮಿಕ್ಕದ್ದನ್ನು ಹೇಳಿದೆಯಾ ಎಂದೆ.

“ಬಾಯಿ ಬರ್ನಿಲ್ಲ ಮಗ” ಎಂದ. ಬೆಳಿಗ್ಗೆ ಹೇಳುತ್ತೇನೆ ಎಂದ. ಅವನು ಹೇಳುತ್ತಾನೆ ಎಂದೇ ನಾನೂ ನಂಬಿದೆ.

ಭಾನುವಾರ ದೇವಾಲಯದಲ್ಲಿ ಕಾಲಿಡಲು ಜಾಗವಿರಲಿಲ್ಲ. ಹಲಗೆಯಲ್ಲಿ ಅಂಕಿ ಬದಲಾಗಿತ್ತು. ಹೊಸ ಹಾಡು ಎತ್ತಿಕೊಳ್ಳಲಾರದೆ ಜನ ತಡವರಿಸಿದರು, ಮಕ್ಕಳಂತೂ ಹಳೆಯ ಹಾಡನ್ನೇ ಹಾಡಿದವು. ಅವಕ್ಕೆ ಬೇರೆ ಹಾಡೊಂದು ಇದೆ ಎನ್ನುವುದೇ ಗೊತ್ತಿರಲಿಲ್ಲ. ಅಯ್ನೋರು ನಕ್ಕರು. ಜನರೂ ನಕ್ಕರು. ಎಲ್ಲರೂ ಅಷ್ಟು ಹಗುರವಾಗಿ ನಕ್ಕದ್ದನ್ನು ನಾನು ಎಷ್ಟೋ ವರ್ಷದಿಂದ ಕಂಡಿರಲಿಲ್ಲ.

ಆಮೇಲೆ ಅವರು ಪ್ರಕಟಣೆಗೆ ನಿಂತರು. ಕೈಯಲ್ಲಿ ಕಾಗದ ಏನೂ ಇರಲಿಲ್ಲ. ನನ್ನ ಹೆಸರನ್ನೂ ಅವನ ಹೆಸರನ್ನೂ ನೆನಪಿನಿಂದಲೇ ಹೇಳಿದರು, ಇಬ್ಬರ ತಂದೆಯರ ಹೆಸರು ಸಹಿತ. ಅಷ್ಟು ವರ್ಷ ಶಿಬಿರದಲ್ಲಿ ನಮ್ಮ ಹೆಸರುಗಳನ್ನು ಮರೆಯದೆ ಇಟ್ಟುಕೊಂಡಿದ್ದರು. ಆ ಕ್ಷಣ ಅವರ ಮೇಲೆ ನನಗಿದ್ದ ಸಿಟ್ಟು ಹೋಯಿತು, ಅದರ ಜಾಗದಲ್ಲಿ ಏನು ಬಂತೋ ಹೇಳಲಾರೆ. “ಇದು ಮೂರನೆಯ ಮತ್ತು ಕೊನೆಯ ಪ್ರಕಟಣೆ. ಈ ಇಬ್ಬರ ಮದುವೆಗೆ ಆಕ್ಷೇಪಣೆ ಇರುವವರು ಈಗಲೇ ಹೇಳಬೇಕು” ಎಂದರು.

ಯಾರೂ ಮಾತಾಡಲಿಲ್ಲ. ಅಪ್ಪನ ಕಡೆ ನೋಡಿದೆ. ಅವನು ಎರಡು ಕೈಯಲ್ಲೂ ಮುಂದಿನ ಬೆಂಚನ್ನು ಬಿಗಿಯಾಗಿ ಹಿಡಿದು ತಲೆ ತಗ್ಗಿಸಿ ನಿಂತಿದ್ದ. ಅವನಿಂದ ಆಗುವುದಿಲ್ಲ ಎಂದು ಗೊತ್ತಾಯಿತು. ತಾನು ಇಷ್ಟು ವರ್ಷ ಕಾದುಕೊಂಡದ್ದು ಏನಾಯಿತು ಎಂದು ಅವನ ಬಾಯಿಂದಲೇ ಹೊರಡಿಸುವಷ್ಟು ಕಲ್ಲು ಮನಸ್ಸು ನನಗೂ ಇರಲಿಲ್ಲ. ಅಯ್ನೋರ ಮುಖದಲ್ಲಿ ಸಂತೋಷ ಮೂಡುತ್ತಿತ್ತು. ಇನ್ನೊಂದು ಗಳಿಗೆ ಬಿಟ್ಟರೆ ಮದುವೆಯ ದಿನವನ್ನೇ ಹೇಳಿಬಿಡುತ್ತಿದ್ದರು.

ನಾನು ಎದ್ದು ನಿಂತೆ.

“ಆಕ್ಷೇಪಣೆ ಐತೆ ಅಯ್ನೋರೆ. ಅವನಿಗೆ ಮದ್ವೆ ಆಗೈತೆ. ಎರಡು ಮಕ್ಳವ್ರೆ.”

ಅವರು ಕನ್ನಡಕ ಸರಿಮಾಡಿಕೊಂಡು ಹೆಂಗಸರ ಸಾಲಿನ ಕಡೆ ಕಣ್ಣು ಕಿರಿದು ಮಾಡಿ ನೋಡಿದರು. ನನ್ನ ದನಿ ಅವರಿಗೆ ಗುರುತು ಹತ್ತಲಿಲ್ಲ. ಅವರು ಹೋಗುವಾಗ ನನಗೆ ಬೇರೆ ದನಿ ಇತ್ತು.

“ಹೇಳುತ್ತಿರುವವರು ಯಾರು?” ಎಂದು ಕೇಳಿದರು.

“ಈಗ ಹೆಸರು ಕೂಗಿದ್ರಲ್ಲ,” ಎಂದೆ, “ಆ ಹುಡುಗಿ ನಾನೇ.”